ಹೈಕೋರ್ಟಿಗೆ ಎಳೆಸಿಕೊಂಡ ಕಾರ್ಮಿಕ ಧುರೀಣ ವಾಡಿಯಾ

ಬೆಂಗಳೂರಿನ ಬಸವನಗುಡಿಯಲ್ಲಿ ಬಿ.ಪಿ. ವಾಡಿಯಾ ರಸ್ತೆ ಅಂತ ಒಂದಿದೆ. ಹಬ್ಬದ ಹೂವು ಹಣ್ಣಿಗೆ ಗಾಂಧಿ ಬಜಾರಿಗೆ ಹೋಗಿ ಬಂದವರು ಆ ಬೋರ್ಡನ್ನು ಒಂದಲ್ಲ ಒಂದು ಸಲ ಓದಿಯೇ ಇರುತ್ತಾರೆ. ಯಾರಪ್ಪಾ ಈ ವಾಡಿಯಾ ಅಂದರೆ ಬಹಳ ಮಂದಿಗೆ ನೆನಪಾಗುವುದು ಬಾಂಬೆ ಡೈಯಿಂಗ್ ಮಿಲ್ಲಿನ ವಾಡಿಯಾ. ಅವರಲ್ಲ ಇವರು. ಸ್ವಲ್ಪ ಓದಿಕೊಂಡವರು ಅಲ್ಲಿನ ಇಂಡಿಯನ್ ಇನ್‌ಸ್ಟಿಟ್ಯೂಟ್ ಆಫ್ ವರ್ಲ್ಡ್ ಕಲ್ಚರ್ ಕಟ್ಟಿದವರು, ಥಿಯಾಸಫಿಯ ದೊಡ್ಡ ಮನುಷ್ಯರು ಅಂತ ಹೇಳುತ್ತಾರೆ. ಅದು ನಿಜ. ಆದರೆ ಅರ್ಧ ನಿಜ.

ಬಹಮನ್ ಪೆಸ್ತೋನ್‌ಜಿ ವಾಡಿಯಾ ಅವರ ಬದುಕಿನ ಇನ್ನರ್ಧ ನಡೆದದ್ದು ಮದರಾಸಿನ ಪೆರಂಬೂರಿನ ಬಟ್ಟೆ ಗಿರಣಿಗಳ ಗೇಟಿನ ಮುಂದೆ. ಆಮೇಲೆ ಮದರಾಸ್ ಹೈಕೋರ್ಟಿನಲ್ಲಿ. ಕೆಲಸಗಾರರು ಕೆಲಸ ನಿಲ್ಲಿಸಿದರೆ ಅದು ಸಕ್ರಮವೋ ಅಕ್ರಮವೋ ಅಂತ ತೀರ್ಪು ಹೇಳುವುದಕ್ಕೆ ಈ ದೇಶದಲ್ಲಿ ಒಂದು ಕಟ್ಟೆಯೇ ಇಲ್ಲದ ಕಾಲ ಅದು. ಕಟ್ಟೆ ಇಲ್ಲದ್ದಕ್ಕೆ ಬೆಲೆ ತೆತ್ತವರಲ್ಲಿ ವಾಡಿಯಾ ಮೊದಲಿಗರ ಸಾಲಿನವರು.

ಈಗ ಯಾಕೆ ಈ ಹಳೆಯ ಪುರಾಣ ಅಂತ ಕೇಳಬಹುದು. ಬಸ್ ನಿಲ್ದಾಣದಲ್ಲಿ ನಿಂತವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. 2021ರ ಏಪ್ರಿಲ್‌ನಲ್ಲಿ ಸಾರಿಗೆ ನೌಕರರು ಎರಡು ವಾರ ಬಸ್ ನಿಲ್ಲಿಸಿದಾಗ ಹಾಲಿನವರು, ಹೂವಿನವರು, ಪರೀಕ್ಷೆಯ ಮಕ್ಕಳು ಎಲ್ಲರೂ ರಸ್ತೆಗೆ ಬಿದ್ದರು. 2025ರ ಆಗಸ್ಟ್ 5ರಂದು ಮತ್ತೆ ಅದೇ ಪಾಡು. ಪ್ರತಿ ಸಲವೂ ಸರ್ಕಾರ ಇದು ಅಕ್ರಮ ಮುಷ್ಕರ ಅನ್ನುತ್ತದೆ, ಸಂಘದವರು ನೋಟೀಸು ಕೊಟ್ಟೇ ಮಾಡಿದ್ದೇವೆ ಅನ್ನುತ್ತಾರೆ. ನಡುವೆ ನಿಂತ ಪ್ರಯಾಣಿಕನಿಗೆ ಯಾರ ಮಾತು ಅಂತಿಮ ಅನ್ನುವುದೇ ತಿಳಿಯುವುದಿಲ್ಲ. ಆ ಪ್ರಶ್ನೆಗೆ ಉತ್ತರ ಬೇಕಾದರೆ ವಾಡಿಯಾ ಅವರ ಕಾಲಕ್ಕೆ ಹೋಗಿ ಬರಬೇಕು.

ಪಾರ್ಸಿ ಹುಡುಗ ಅಡ್ಯಾರಿಗೆ ಬಂದದ್ದು

ವಾಡಿಯಾ ಹುಟ್ಟಿದ್ದು 1881ರ ಅಕ್ಟೋಬರ್ 8ರಂದು, ಮುಂಬಯಿಯಲ್ಲಿ. ಅನುಕೂಲಸ್ಥ ಪಾರ್ಸಿ ಮನೆತನ, ಜವಳಿ ವ್ಯಾಪಾರದ ನಂಟೂ ಇತ್ತು. ಗಲ್ಲಾಪೆಟ್ಟಿಗೆಯ ಮುಂದೆ ಕೂತು ಸುಖವಾಗಿರಬಹುದಿತ್ತು. ಆದರೆ ಇಪ್ಪತ್ತೆರಡರ ಪ್ರಾಯದಲ್ಲಿ ಥಿಯಾಸಫಿಯ ಗುಂಗು ಹಿಡಿಯಿತು. 1903ರಲ್ಲಿ ಆ ಸೊಸೈಟಿ ಸೇರಿದರು, ಕೆಲವು ವರ್ಷಗಳಲ್ಲಿ ಮದರಾಸಿನ ಅಡ್ಯಾರಿಗೇ ಬಂದು ನೆಲೆಸಿದರು. ಅಲ್ಲಿ ಆನಿ ಬೆಸೆಂಟರ ಬಲಗೈ ಆದರು. ಪುಸ್ತಕ ಪ್ರಕಟಣೆಯ ಕೆಲಸ ನೋಡಿಕೊಂಡರು, ಬೆಸೆಂಟರ ನ್ಯೂ ಇಂಡಿಯಾ ಪತ್ರಿಕೆಯ ಸಂಪಾದಕೀಯ ಕೆಲಸಕ್ಕೂ ಹೆಗಲು ಕೊಟ್ಟರು.

1917ರ ಜೂನ್‌ನಲ್ಲಿ ಮದರಾಸ್ ಸರ್ಕಾರ ಹೋಂ ರೂಲ್ ಚಳವಳಿಗಾಗಿ ಬೆಸೆಂಟ್, ಅರುಂಡೇಲ್, ವಾಡಿಯಾ ಮೂವರನ್ನೂ ಊಟಿಯಲ್ಲಿ ನಿರ್ಬಂಧದಲ್ಲಿ ಇಟ್ಟಿತು. ದೇಶವೆಲ್ಲ ಗದ್ದಲವೆದ್ದು ಸೆಪ್ಟೆಂಬರಿನಲ್ಲಿ ಬಿಟ್ಟರು. ಹೀಗೆ ಆ ಹೊತ್ತಿಗೆ ವಾಡಿಯಾ ಅವರ ಹೆಸರು ಪತ್ರಿಕೆ ಓದುವವರಿಗೆಲ್ಲ ಗೊತ್ತಾಗಿತ್ತು. ಗಿರಣಿಯ ಕೂಲಿಗೆ ಮಾತ್ರ ಇನ್ನೂ ಗೊತ್ತಿರಲಿಲ್ಲ.

ಅದನ್ನು ಗೊತ್ತು ಮಾಡಿಸಿದವರು ಇಬ್ಬರು ವ್ಯಾಪಾರಿಗಳು. ಅಂಗಡಿ ಇಟ್ಟವರು ಇದನ್ನು ಗಮನಿಸಬೇಕು. ಈ ದೇಶದ ಮೊದಲ ವ್ಯವಸ್ಥಿತ ಕಾರ್ಮಿಕ ಸಂಘದ ಬೀಜ ಬಿದ್ದದ್ದು ಯಾವ ವಕೀಲರ ಕೋಣೆಯಲ್ಲೂ ಅಲ್ಲ, ಪೆರಂಬೂರಿನ ಸಣ್ಣ ವ್ಯಾಪಾರಿಗಳ ನಡುವೆ. ಸೆಲ್ವಪತಿ ಚೆಟ್ಟಿ, ರಾಮಾನುಜುಲು ನಾಯ್ಡು ಅಂತ ಅವರ ಹೆಸರು. ಅವರದೊಂದು ಭಕ್ತಿಯ ಸಭೆಯೂ ಇತ್ತು, ಗಿರಣಿಯ ಆಳುಗಳು ಅಲ್ಲಿ ಬಂದು ಕೂರುತ್ತಿದ್ದರು. ಅಕ್ಕಿ, ಬಟ್ಟೆ ಕೊಡುವವನಿಗೆ ಗಿರಾಕಿಯ ಕಷ್ಟ ಮೊದಲು ಗೊತ್ತಾಗುತ್ತದೆ. ಯಾರ ಉದ್ರಿ ಬೆಳೆಯುತ್ತಿದೆ, ಯಾರ ಮನೆಯಲ್ಲಿ ಕಾಯಿಲೆ, ಯಾರನ್ನು ಮೇಸ್ತ್ರಿ ಹೊಡೆದ, ಎಲ್ಲವೂ. ಆ ಇಬ್ಬರೂ ಸೇರಿ ವಾಡಿಯಾ ಅವರ ಹತ್ತಿರ ಹೋಗಿ ಒಂದು ಸಲ ಬಂದು ನೋಡಿ ಅಂತ ಕೇಳಿಕೊಂಡರು.

ವಾಡಿಯಾ ಬಂದು ನೋಡಿದರು. ಬಕಿಂಗ್‌ಹ್ಯಾಮ್ ಮಿಲ್, ಕರ್ನಾಟಿಕ್ ಮಿಲ್ ಎರಡೂ ಬಿನ್ನಿ ಕಂಪನಿಯವು. (ಬೆಂಗಳೂರಿನ ಬಿನ್ನಿಪೇಟೆ ಹೆಸರು ಬಂದದ್ದೂ ಅದೇ ಕಂಪನಿಯಿಂದ. ಬೆಂಗಳೂರು ಉಲನ್, ಕಾಟನ್ ಅಂಡ್ ಸಿಲ್ಕ್ ಮಿಲ್ಲನ್ನು ಬಿನ್ನಿಯವರೇ ನಡೆಸುತ್ತಿದ್ದರು.) ಪೆರಂಬೂರಿನ ಎರಡು ಗಿರಣಿಗಳಲ್ಲಿ ಸಾವಿರಾರು ಕೈಗಳು. 1911ರ ಕಾರ್ಖಾನೆ ಕಾಯ್ದೆ ಜವಳಿ ಗಿರಣಿಯ ಗಂಡಾಳಿಗೆ ದಿನಕ್ಕೆ 12 ಗಂಟೆ ದುಡಿಮೆ ಅಂತ ಮಿತಿ ಹಾಕಿದ್ದೇ ದೊಡ್ಡ ದಯೆ ಅನ್ನಿಸಿಕೊಂಡ ಕಾಲ.

ಇವರ ಕಣ್ಣು ಬಿದ್ದದ್ದು ಊಟದ ಹೊತ್ತಿನ ಮೇಲೆ. ಮಧ್ಯಾಹ್ನ ಬಿಡುವು ಅರ್ಧ ಗಂಟೆ. ಆ ಅರ್ಧ ಗಂಟೆಯಲ್ಲಿ ಯಂತ್ರದ ಹತ್ತಿರದಿಂದ ಗೇಟಿನವರೆಗೆ ನಡೆಯಬೇಕು, ನೂಕುನುಗ್ಗಲಿನಲ್ಲಿ ಹೊರಗೆ ಬರಬೇಕು, ಕೈ ತೊಳೆದು ಬುತ್ತಿ ಬಿಚ್ಚಿ ಉಣ್ಣಬೇಕು, ಮತ್ತೆ ಗೇಟು ಹಾಕುವುದರೊಳಗೆ ಒಳಗಿರಬೇಕು. ಉಂಡರೋ ನುಂಗಿದರೋ ದೇವರಿಗೇ ಗೊತ್ತು. ವಾಡಿಯಾ ಕೇಳಿದ್ದು ಏನು ಗೊತ್ತೇ? ಬಿಡುವು ಹತ್ತು ನಿಮಿಷ ಹೆಚ್ಚಾಗಲಿ, 40 ನಿಮಿಷ ಆಗಲಿ ಅಂತ. ಕ್ರಾಂತಿಯಲ್ಲ, ಕೆಂಪು ಬಾವುಟವಲ್ಲ. ಹತ್ತು ನಿಮಿಷ.

1918ರ ಏಪ್ರಿಲ್ 27ರ ಶನಿವಾರ ಮದ್ರಾಸ್ ಲೇಬರ್ ಯೂನಿಯನ್ ಹುಟ್ಟಿತು. ಪಾರ್ಸಿ ಮನುಷ್ಯ, ಕೂಲಿಗಳ ಭಾಷೆ ಬಾರದು. ಇವರು ಇಂಗ್ಲಿಷಿನಲ್ಲಿ ಮಾತಾಡುವುದು, ಜೊತೆಯವರು ತಮಿಳಿಗೆ ತಿರುಗಿಸುವುದು. ಹೀಗೇ ಶನಿವಾರಗಳ ಸಭೆ ನಡೆಯಿತು. ಸಭೆಗೆ ಜನ ಸೇರುತ್ತಲೇ ಹೋದರು. ತಮಿಳು ಬಲ್ಲ ತಿರು.ವಿ. ಕಲ್ಯಾಣಸುಂದರ ಮುದಲಿಯಾರ್ ಅಂಥವರು ಜೊತೆಗೂಡಿದರು.

ಇಲ್ಲಿ ವಾಡಿಯಾ ಅವರ ಗುಣದ ಬಗ್ಗೆ ಒಂದು ಮಾತು ಹೇಳಬೇಕು. ಇವರು ಮುಷ್ಕರ ಅಂದರೆ ಕುಣಿದು ಎದ್ದು ನಿಲ್ಲುವ ಜಾತಿಯ ಧುರೀಣರಲ್ಲ. ಮಹಾಯುದ್ಧ ನಡೆಯುತ್ತಿತ್ತು. ಗಿರಣಿಯಲ್ಲಿ ಸೈನಿಕರಿಗೆ ಖಾಕಿ ಬಟ್ಟೆ ನೇಯುತ್ತಿದ್ದರು. ಈ ಹೊತ್ತಿನಲ್ಲಿ ಕೆಲಸ ನಿಲ್ಲಿಸುವುದು ಬೇಡ ಅಂತ ಆಳುಗಳನ್ನು ತಡೆದವರು ಇವರೇ. ಇಂಥವರ ಮೇಲೆಯೇ ಎರಡು ವರ್ಷದಲ್ಲಿ ಕೂಲಿಗಳನ್ನು ಎತ್ತಿಕಟ್ಟಿದ ಆರೋಪ ಬಂತು ಅಂದರೆ ಕಾಲದ ವಿಚಿತ್ರ.

1919ರಲ್ಲಿ ಲಂಡನ್ನಿಗೆ ಹೋಗಿ ಪಾರ್ಲಿಮೆಂಟಿನ ಜಂಟಿ ಸಮಿತಿಯ ಮುಂದೆ ಭಾರತದ ಸುಧಾರಣೆಗಳ ಬಗ್ಗೆ ಸಾಕ್ಷ್ಯ ಹೇಳಿದರು. ಅದೇ ವರ್ಷ ವಾಷಿಂಗ್‌ಟನ್ನಿನಲ್ಲಿ ನಡೆದ ಮೊದಲ ಅಂತರರಾಷ್ಟ್ರೀಯ ಕಾರ್ಮಿಕ ಸಮ್ಮೇಳನಕ್ಕೆ ಎನ್.ಎಂ. ಜೋಷಿ ಅವರು ಭಾರತದ ಕಾರ್ಮಿಕರ ಪ್ರತಿನಿಧಿ, ವಾಡಿಯಾ ಅವರ ಸಲಹೆಗಾರರು. ಈ ಜೋಷಿಯವರ ಹೆಸರು ನೆನಪಿಟ್ಟುಕೊಳ್ಳಬೇಕು, ಮುಂದೆ ಬರುತ್ತದೆ.

ಬೀಗ ಬಿತ್ತು, ತಡೆಯಾಜ್ಞೆ ಬಂತು

1920ರ ಅಕ್ಟೋಬರಿನಲ್ಲಿ ಬಕಿಂಗ್‌ಹ್ಯಾಮ್ ಮಿಲ್ಲಿನ ನೇಯ್ಗೆ ವಿಭಾಗದಲ್ಲಿ ಒಂದು ಜಾಗಕ್ಕೆ ಯಾರನ್ನು ಹಾಕಬೇಕು ಅನ್ನುವ ತಕರಾರು ಎದ್ದಿತು. ಕಿಡಿ ಸಣ್ಣದು, ಹುಲ್ಲು ಒಣಗಿತ್ತು. ಗಲಾಟೆ ಆಯಿತು, ಆಡಳಿತವರ್ಗ ಗಿರಣಿಗೆ ಬೀಗಮುದ್ರೆ ಹಾಕಿತು. ವಾರಗಳು ತಿಂಗಳಾದವು. ಕಂಪನಿ ಬೇರೆ ಆಳುಗಳನ್ನು ಲಾರಿಯಲ್ಲಿ ತರಿಸಿತು, ಹೊರಗಿದ್ದವರು ಅಡ್ಡ ಹಾಕಿದರು. ಡಿಸೆಂಬರಿನಲ್ಲಿ ಪೊಲೀಸರ ಗೋಲೀಬಾರು ನಡೆದು ಜೀವಗಳು ಹೋದವು.

ಬೀದಿಯಲ್ಲಿ ಇದು ನಡೆಯುತ್ತಿದ್ದಾಗ ಕಂಪನಿಯ ವಕೀಲರು ಬೇರೊಂದು ದಾರಿ ಹಿಡಿದಿದ್ದರು. ವಾಡಿಯಾ ಮತ್ತು ಸಂಘದ ಇತರ ಮುಖಂಡರ ಮೇಲೆ ಮದರಾಸ್ ಹೈಕೋರ್ಟಿನಲ್ಲಿ ಸಿವಿಲ್ ದಾವೆ. ದಾವೆಯ ತಿರುಳು ಇಷ್ಟೇ: ಕೆಲಸಗಾರರಿಗೂ ಕಂಪನಿಗೂ ಕೆಲಸದ ಕರಾರು ಇದೆ, ಆ ಕರಾರು ಮುರಿಯುವಂತೆ ಇವರು ಪ್ರಚೋದಿಸಿದ್ದಾರೆ, ಅದರಿಂದ ಕಂಪನಿಗೆ ಆದ ನಷ್ಟವನ್ನು ಇವರು ತುಂಬಿಕೊಡಬೇಕು. ಕೇಳಿದ ನಷ್ಟದ ಮೊತ್ತ ಸಂಘದ ಚಂದಾ ಡಬ್ಬಿಯಿಂದ ಕೊಡುವಂಥದ್ದಲ್ಲ.

ಅಂಗಡಿಯ ಮಾತಿನಲ್ಲಿ ಹೇಳುವುದಾದರೆ ಹೀಗೆ. ಜವಳಿ ಅಂಗಡಿಯ ಗುಮಾಸ್ತ ಸಂಬಳ ಸಾಲದು ಅಂತ ನಾಲ್ಕು ದಿನ ಬರಲಿಲ್ಲ. ಸಾಹುಕಾರ ಗುಮಾಸ್ತನನ್ನು ಕೇಳುವ ಬದಲು, ಅವನಿಗೆ ಬುದ್ಧಿ ಹೇಳಿದ ಪಕ್ಕದ ಬೀದಿಯ ಮಾಸ್ತರ ಮೇಲೆ ದಾವೆ ಹೂಡಿ, ನಾಲ್ಕು ದಿನದ ವ್ಯಾಪಾರ ಲುಕ್ಸಾನು ಕಟ್ಟಿಕೊಡು ಅಂದ ಹಾಗೆ. ಗುಮಾಸ್ತ ಕೇಳಿದ ಸಂಬಳ ನ್ಯಾಯವೋ ಅನ್ಯಾಯವೋ ಅನ್ನುವ ಮಾತು ಆ ದಾವೆಯಲ್ಲಿ ಏಳುವುದೇ ಇಲ್ಲ. ಕರಾರು ಮುರಿಯಿತೇ, ಮುರಿಸಿದವರು ಯಾರು, ಅಷ್ಟೇ.

ಹೈಕೋರ್ಟು ತಾತ್ಕಾಲಿಕ ತಡೆಯಾಜ್ಞೆ ಕೊಟ್ಟಿತು. ಕೆಲಸಕ್ಕೆ ಹೋಗಬೇಡಿ ಅಂತ ಸಂಘದವರು ಆಳುಗಳಿಗೆ ಹೇಳಕೂಡದು. ಸಂಘದ ಬಾಯಿ ಅಲ್ಲಿಗೆ ಕಟ್ಟಿಹೋಯಿತು.

ನ್ಯಾಯಮೂರ್ತಿಗಳನ್ನು ಬೈದು ಪ್ರಯೋಜನವಿಲ್ಲ. ಅವರ ಮುಂದಿದ್ದ ಕಾನೂನು ಪುಸ್ತಕದಲ್ಲಿ ಮುಷ್ಕರ ಅನ್ನುವ ಪದಕ್ಕೆ ಜಾಗವೇ ಇರಲಿಲ್ಲ. ಇಂಗ್ಲೆಂಡಿನಲ್ಲಿ ಇದೇ ಬಗೆಯ ಪೆಟ್ಟು 1901ರಲ್ಲಿ ಟ್ಯಾಫ್ ವೇಲ್ ರೈಲ್ವೆ ಮೊಕದ್ದಮೆಯಲ್ಲಿ ಬಿದ್ದು, ಅಲ್ಲಿನ ಪಾರ್ಲಿಮೆಂಟು 1906ರಲ್ಲಿ ಕಾಯ್ದೆ ಮಾಡಿ ಸಂಘಗಳಿಗೆ ರಕ್ಷಣೆ ಕೊಟ್ಟಿತ್ತು. ಆ ಕೊಡೆ ಅವರ ದೇಶಕ್ಕೆ ಮಾತ್ರ, ಇಲ್ಲಿ ಮಳೆಯಲ್ಲಿ ನೆನೆಯುವುದೇ. ಇಲ್ಲಿದ್ದದ್ದು 1859ರ ಒಂದು ಹಳೇ ಕಾಯ್ದೆ. ಮುಂಗಡ ತೆಗೆದುಕೊಂಡ ಕೆಲಸಗಾರ ಕೆಲಸ ಬಿಟ್ಟು ಹೋದರೆ ಮ್ಯಾಜಿಸ್ಟ್ರೇಟರ ಮುಂದೆ ನಿಲ್ಲಿಸಿ ಕೆಲಸಕ್ಕೆ ವಾಪಸು ಕಳಿಸಬಹುದು, ಒಪ್ಪದಿದ್ದರೆ ಜೈಲಿಗೂ ಹಾಕಬಹುದು. ಅಂದರೆ ಕೆಲಸ ಬಿಟ್ಟವನಿಗೆ ಮ್ಯಾಜಿಸ್ಟ್ರೇಟ್ ಕೋರ್ಟು, ಬಿಡಿಸಿದವನಿಗೆ ಸಿವಿಲ್ ಕೋರ್ಟು. ದುಡಿಯುವವನ ದೂರು ಕೇಳಲು ಯಾವ ಕೋರ್ಟೂ ಇಲ್ಲ.

ಕೊನೆಗೆ 1921ರ ಜನವರಿ ಕಳೆಯುವ ಹೊತ್ತಿಗೆ ರಾಜಿ ಆಯಿತು. ಕಂಪನಿ ದಾವೆ ಬಿಟ್ಟುಕೊಡುತ್ತದೆ, ಗಿರಣಿ ತೆರೆಯುತ್ತದೆ. ಅದಕ್ಕೆ ಪ್ರತಿಯಾಗಿ ವಾಡಿಯಾ ಸಂಘದ ಸಂಬಂಧ ಕಡಿದುಕೊಳ್ಳಬೇಕು. ಮುಖಂಡತನ ವಹಿಸಿದ ಕೆಲವು ಕೆಲಸಗಾರರಿಗೂ ಕೆಲಸ ಇಲ್ಲ. ವಾಡಿಯಾ ಒಪ್ಪಿದರು.

ಒಪ್ಪಬಾರದಿತ್ತು, ಹೆದರಿದರು ಅಂತ ಆಗಲೂ ಅಂದವರಿದ್ದರು, ಆಮೇಲೆ ಪುಸ್ತಕ ಬರೆದವರಲ್ಲೂ ಇದ್ದಾರೆ. ಮೇಲಿಂದ ನೋಡಿದರೆ ಹಾಗೆ ಕಾಣುವುದು ಸಹಜ. ಆದರೆ ಮೂರು ತಿಂಗಳಿನಿಂದ ಕೂಲಿ ಇಲ್ಲದೆ ಕೂತ ಮನೆಗಳ ಒಲೆ ಲೆಕ್ಕಕ್ಕೆ ತೆಗೆದುಕೊಂಡರೆ ಮಾತು ಅಷ್ಟು ಸುಲಭವಲ್ಲ. ಪೆರಂಬೂರಿನ ಅಂಗಡಿಗಳಲ್ಲಿ ಉದ್ರಿ ಎಷ್ಟು ದಿನ ಓಡುತ್ತದೆ? ದಾವೆ ಮುಂದುವರಿದು ಸೋತರೆ ಸಂಘವೇ ದಿವಾಳಿ. ಒಬ್ಬ ಮನುಷ್ಯ ಹೊರಗೆ ಹೋದರೆ ಹತ್ತು ಸಾವಿರ ಮಂದಿ ಒಳಗೆ ಹೋಗುತ್ತಾರೆ ಅಂದಾಗ ಆ ಮನುಷ್ಯ ಏನು ಮಾಡಬೇಕು? ವಾಡಿಯಾ ಹೊರಗೆ ಹೋದರು. ತಪ್ಪು ಅವರ ಧೈರ್ಯದಲ್ಲಿ ಹುಡುಕುವುದಕ್ಕಿಂತ ಆ ಆಯ್ಕೆಯನ್ನು ಅವರ ಮುಂದೆ ಇಟ್ಟ ಕಾನೂನಿನಲ್ಲಿ ಹುಡುಕುವುದು ಮೇಲು.

ಅವರು ಹೋದ ಮೇಲೆ ಪೆರಂಬೂರು ತಣ್ಣಗಾಗಲಿಲ್ಲ. ಅದೇ 1921ರಲ್ಲಿ ಮತ್ತೆ ಮುಷ್ಕರ, ತಿಂಗಳುಗಟ್ಟಲೆ. ಕೆಲಸಗಾರರಲ್ಲೇ ಜಾತಿಯ ಬಿರುಕು ಬಿಟ್ಟು ಪುಳಿಯಂತೋಪಿನಲ್ಲಿ ಗುಡಿಸಲುಗಳು ಸುಟ್ಟವು. ಆ ಮುಷ್ಕರ ಸೋತಿತು. ಅದು ಬೇರೆಯೇ ಕಥೆ, ದುಃಖದ ಕಥೆ.

ಜೋಷಿ ಎತ್ತಿದ ದನಿ

ವಾಷಿಂಗ್‌ಟನ್ನಿಗೆ ಜೊತೆಯಲ್ಲಿ ಹೋಗಿದ್ದ ಎನ್.ಎಂ. ಜೋಷಿ ಸುಮ್ಮನೆ ಕೂರಲಿಲ್ಲ. 1921ರ ಮಾರ್ಚ್‌ನಲ್ಲಿ ಕೇಂದ್ರ ಶಾಸನಸಭೆಯಲ್ಲಿ ನಿರ್ಣಯ ತಂದರು. ಕಾರ್ಮಿಕ ಸಂಘಗಳನ್ನು ರಿಜಿಸ್ಟರ್ ಮಾಡಲು, ಅವುಗಳಿಗೆ ರಕ್ಷಣೆ ಕೊಡಲು ಕಾಯ್ದೆ ಬೇಕು ಅಂತ. ಮದರಾಸಿನ ತಡೆಯಾಜ್ಞೆಯ ಬಿಸಿ ಇನ್ನೂ ಆರಿರಲಿಲ್ಲ. ಸರ್ಕಾರ ಆಗಲಿ ನೋಡೋಣ ಅಂದು ಐದು ವರ್ಷ ತೆಗೆದುಕೊಂಡಿತು.

1926ರ ಟ್ರೇಡ್ ಯೂನಿಯನ್ಸ್ ಕಾಯ್ದೆ ಬಂದದ್ದು ಹೀಗೆ, 1927ರ ಜೂನ್ 1ರಿಂದ ಜಾರಿ. ಅದರ 18ನೇ ಕಲಮನ್ನು ಓದಿದರೆ ವಾಡಿಯಾ ಅವರ ಮೊಕದ್ದಮೆಯನ್ನೇ ಎದುರಿಗಿಟ್ಟುಕೊಂಡು ಬರೆದ ಹಾಗಿದೆ. ಕೈಗಾರಿಕಾ ವಿವಾದದ ಸಂದರ್ಭದಲ್ಲಿ ಕೆಲಸದ ಕರಾರು ಮುರಿಯಲು ಪ್ರಚೋದಿಸಿದರು ಅನ್ನುವ ಒಂದೇ ಕಾರಣಕ್ಕೆ ರಿಜಿಸ್ಟರ್ ಆದ ಸಂಘದ ಮೇಲಾಗಲಿ, ಪದಾಧಿಕಾರಿಗಳ ಮೇಲಾಗಲಿ ಸಿವಿಲ್ ದಾವೆ ನಡೆಯುವುದಿಲ್ಲ. 17ನೇ ಕಲಮು ಕ್ರಿಮಿನಲ್ ಒಳಸಂಚಿನ ಆರೋಪದಿಂದ ರಕ್ಷಿಸುತ್ತದೆ. ಹೊಡೆದಾಟ, ಬಡಿದಾಟ, ಆಸ್ತಿ ನಾಶಕ್ಕೆ ಈ ರಕ್ಷಣೆ ಇಲ್ಲ, ಅದು ಬೇರೆ ಮಾತು. 1859ರ ಹಳೇ ಕಾಯ್ದೆಯನ್ನೂ 1925ರಲ್ಲಿ ತೆಗೆದುಹಾಕಿದ್ದರು.

ಆ ಹೊತ್ತಿಗೆ ವಾಡಿಯಾ ಎಲ್ಲಿದ್ದರು? ಕಾರ್ಮಿಕ ರಂಗದಿಂದ ಬಹಳ ದೂರ. 1922ರಲ್ಲಿ ಅಡ್ಯಾರಿನ ಸೊಸೈಟಿಗೂ ರಾಜೀನಾಮೆ ಕೊಟ್ಟರು, ಮೂಲ ಬೋಧನೆಯಿಂದ ಸೊಸೈಟಿ ದಾರಿ ತಪ್ಪಿದೆ ಅನ್ನುವುದು ಅವರ ತಕರಾರು. ಯುನೈಟೆಡ್ ಲಾಡ್ಜ್ ಆಫ್ ಥಿಯಾಸಫಿಸ್ಟ್ಸ್ ಸೇರಿ ಅಮೆರಿಕ, ಯೂರೋಪು ಸುತ್ತಿ ಊರೂರಿನಲ್ಲಿ ಅದರ ಶಾಖೆ ಕಟ್ಟಿದರು. 1928ರಲ್ಲಿ ಕೊಲಂಬಿಯಾ ದೇಶದಲ್ಲಿ ಹುಟ್ಟಿದ ಸೋಫಿಯಾ ಅವರನ್ನು ಮದುವೆಯಾದರು. 1929ರಲ್ಲಿ ಮುಂಬಯಿಗೆ ಬಂದು ನೆಲೆಯೂರಿ, ಮರುವರ್ಷ ದಿ ಆರ್ಯನ್ ಪಾಥ್ ಅನ್ನುವ ಮಾಸಪತ್ರಿಕೆ ಶುರು ಮಾಡಿದರು. ಕೊನೆಗೆ ಬೆಂಗಳೂರು. 1945ರ ಆಗಸ್ಟ್‌ನಲ್ಲಿ ಬಸವನಗುಡಿಯಲ್ಲಿ ಸಂಸ್ಥೆ ಕಟ್ಟಿದರು. ಓದುವ ಮನೆ, ಉಪನ್ಯಾಸ, ಸಂಗೀತ. ಸಂಜೆ ಹೊತ್ತು ಭಾಷಣ ಕೇಳಲು ಬರುತ್ತಿದ್ದ ಮೇಷ್ಟ್ರುಗಳು, ಗುಮಾಸ್ತರು, ವಿದ್ಯಾರ್ಥಿಗಳಲ್ಲಿ ಎಷ್ಟು ಮಂದಿಗೆ ಈ ಶಾಂತ ಮನುಷ್ಯ ಒಂದು ಕಾಲಕ್ಕೆ ಹತ್ತು ನಿಮಿಷದ ಊಟದ ಬಿಡುವಿಗಾಗಿ ಬಿನ್ನಿ ಕಂಪನಿಯನ್ನು ಎದುರು ಹಾಕಿಕೊಂಡಿದ್ದವರು ಅಂತ ಗೊತ್ತಿತ್ತೋ!

ಕಟ್ಟೆ ಕಟ್ಟಿದ್ದು ಬಹಳ ತಡವಾಗಿ

18ನೇ ಕಲಮು ಮುಖಂಡರನ್ನು ದಾವೆಯಿಂದ ಉಳಿಸಿತು, ಸರಿ. ಆದರೆ ಮುಷ್ಕರ ಸಕ್ರಮವೇ ಅಂತ ಹೇಳುವವರು ಯಾರು? ಆ ಪ್ರಶ್ನೆ ಹಾಗೇ ಉಳಿಯಿತು. 1929ರ ಟ್ರೇಡ್ ಡಿಸ್ಪ್ಯೂಟ್ಸ್ ಕಾಯ್ದೆ ಮೊದಲ ಸಲ ಕೆಲವು ಮುಷ್ಕರಗಳನ್ನು ಅಕ್ರಮ ಅಂತ ಕರೆಯಿತು. ಸಾರ್ವಜನಿಕ ಉಪಯುಕ್ತ ಸೇವೆಯಲ್ಲಿ 14 ದಿನದ ನೋಟೀಸು ಬೇಕು ಅಂದಿತು. ವಿಚಾರಣೆಗೆ ಸಮಿತಿ, ಸಂಧಾನಕ್ಕೆ ಮಂಡಳಿ ಕೊಟ್ಟಿತು, ಆದರೆ ಅವುಗಳ ಮಾತಿಗೆ ಯಾರೂ ಕಟ್ಟುಬೀಳಬೇಕಾಗಿರಲಿಲ್ಲ.

1947ರ ಏಪ್ರಿಲ್ 1ರಿಂದ ಕೈಗಾರಿಕಾ ವಿವಾದಗಳ ಕಾಯ್ದೆ ಬಂತು. 22ನೇ ಕಲಮು ಬಸ್ಸು, ನೀರು, ವಿದ್ಯುತ್ತಿನಂಥ ಸೇವೆಗಳಿಗೆ: ನೋಟೀಸು ಕೊಟ್ಟು 14 ದಿನ ಕಾಯಬೇಕು, ಸಂಧಾನ ನಡೆಯುವಾಗ ಮತ್ತು ಮುಗಿದ ಮೇಲೆ 7 ದಿನ ಮುಷ್ಕರ ಕೂಡದು. 23ನೇದು ಎಲ್ಲ ಕಾರ್ಖಾನೆಗಳಿಗೆ: ವ್ಯಾಜ್ಯ ನ್ಯಾಯಮಂಡಳಿಯ ಮುಂದಿರುವಾಗ, ಒಪ್ಪಂದ ಜಾರಿಯಲ್ಲಿರುವಾಗ ಅದೇ ವಿಷಯಕ್ಕೆ ಮುಷ್ಕರ ಮಾಡಬಾರದು. ಇವನ್ನು ಮೀರಿದರೆ 24ನೇ ಕಲಮಿನಲ್ಲಿ ಅದು ಅಕ್ರಮ. ಮಾಲೀಕರ ಬೀಗಮುದ್ರೆಗೂ ಇದೇ ತಕ್ಕಡಿ.

ಆದರೆ ಕಾರ್ಮಿಕ ನ್ಯಾಯಾಲಯ ಅನ್ನುವ ಕೋರ್ಟು ಆ ಮೂಲ ಕಾಯ್ದೆಯಲ್ಲಿ ಇರಲೇ ಇಲ್ಲ. ಅದು ಬಂದದ್ದು 1956ರ ತಿದ್ದುಪಡಿಯಿಂದ, 1957ರ ಮಾರ್ಚ್‌ನಲ್ಲಿ ಜಾರಿ. ಎರಡನೇ ಪರಿಶಿಷ್ಟದಲ್ಲಿ ಆ ಕೋರ್ಟು ಯಾವ ಯಾವ ವ್ಯಾಜ್ಯ ಕೇಳಬಹುದು ಅಂತ ಪಟ್ಟಿ ಕೊಟ್ಟರು. ಅದರ ಐದನೇ ಬಾಬತ್ತು: ಮುಷ್ಕರ ಅಥವಾ ಬೀಗಮುದ್ರೆ ಅಕ್ರಮವೇ ಅಲ್ಲವೇ. ಪೆರಂಬೂರಿನ ತಡೆಯಾಜ್ಞೆಯಾಗಿ 36 ವರ್ಷ ಕಳೆದ ಮೇಲೆ ಕಟ್ಟೆ ಸಿಕ್ಕಿತು. ವಾಡಿಯಾ ಆಗ ಬೆಂಗಳೂರಿನಲ್ಲಿ ಎಪ್ಪತ್ತೈದು ದಾಟಿದ ಮುದುಕರು.

ಕಟ್ಟೆ ಇದ್ದರೂ ಅದಕ್ಕೆ ಹತ್ತುವ ಮೆಟ್ಟಿಲು ಸರ್ಕಾರದ ಕೈಯಲ್ಲಿತ್ತು. ಇದು ಬಹಳ ಜನರಿಗೆ ಗೊತ್ತಿಲ್ಲದ ಸಂಗತಿ. ಮುಷ್ಕರ ಸಕ್ರಮವೇ ಅಂತ ತೀರ್ಮಾನಿಸಿ ಕೊಡಿ ಅಂತ ಮಾಲೀಕರಾಗಲಿ, ಸಂಘವಾಗಲಿ ನೇರವಾಗಿ ಆ ಕೋರ್ಟಿಗೆ ಅರ್ಜಿ ಹಾಕುವ ಹಾಗಿರಲಿಲ್ಲ. ಮೊದಲು ಕಾರ್ಮಿಕ ಇಲಾಖೆಯ ಸಂಧಾನಾಧಿಕಾರಿ, ಅವರ ವರದಿ, ಆಮೇಲೆ 10ನೇ ಕಲಮಿನಲ್ಲಿ ಸರ್ಕಾರ ವ್ಯಾಜ್ಯವನ್ನು ಕಳಿಸಬೇಕು. ಕಳಿಸದಿದ್ದರೆ ಫೈಲು ಧೂಳು ತಿನ್ನುತ್ತದೆ. ಪಕ್ಕದ ಮಹಾರಾಷ್ಟ್ರದಲ್ಲಿ 1971ರ ರಾಜ್ಯ ಕಾಯ್ದೆ ಬೇರೆ ದಾರಿ ಮಾಡಿತು. ಅಲ್ಲಿ ಮಾಲೀಕರು ನೇರವಾಗಿ ಕಾರ್ಮಿಕ ನ್ಯಾಯಾಲಯಕ್ಕೆ ಹೋಗಿ ಮುಷ್ಕರ ಅಕ್ರಮವೆಂದು ಘೋಷಿಸಿ ಅನ್ನಬಹುದು. ಘೋಷಣೆಯಾದ 48 ಗಂಟೆಯೊಳಗೆ ಕೆಲಸಗಾರರು ಮುಷ್ಕರ ಹಿಂತೆಗೆದುಕೊಂಡರೆ ಅಕ್ರಮದ ಮಸಿ ಅಂಟುವುದಿಲ್ಲ.

ಇನ್ನು ಕ್ರಿಮಿನಲ್ ದಾರಿ. ಅಕ್ರಮ ಮುಷ್ಕರಕ್ಕೆ 1947ರ ಕಾಯ್ದೆಯಲ್ಲಿ ಕೆಲಸಗಾರನಿಗೆ ಒಂದು ತಿಂಗಳು ಸಜಾ ಅಥವಾ 50 ರೂಪಾಯಿ ದಂಡ. ಅದನ್ನು ವಿಧಿಸುವವರು ಮ್ಯಾಜಿಸ್ಟ್ರೇಟರು, ಅದೂ ಸರ್ಕಾರದ ಕಡೆಯಿಂದ ಫಿರ್ಯಾದು ಬಂದರೆ ಮಾತ್ರ. ಪ್ರಚೋದಿಸಿದವರಿಗೆ ಆರು ತಿಂಗಳು, ಸಾವಿರ ರೂಪಾಯಿ. ಹೀಗೆ ವಾಡಿಯಾ ಅವರ ಮೇಲೆ ಬಂದ ಪ್ರಚೋದನೆಯ ಆರೋಪ ಒಂದು ಬಾಗಿಲಿನಿಂದ ಹೊರಗೆ ಹೋಗಿ ಇನ್ನೊಂದರಿಂದ ಒಳಗೆ ಬಂತು. ವ್ಯತ್ಯಾಸ ಒಂದೇ: ಮುಷ್ಕರ ಅಕ್ರಮ ಅಂತ ಕಾನೂನಿನ ಅಳತೆಯಲ್ಲಿ ಮೊದಲು ಸಾಬೀತಾಗಬೇಕು.

ಸಕ್ರಮ ಬೇರೆ, ನ್ಯಾಯಸಮ್ಮತ ಬೇರೆ ಅನ್ನುವ ಸೂಕ್ಷ್ಮವೂ ಉಂಟು. ನೋಟೀಸು, ದಿನದ ಲೆಕ್ಕ ಎಲ್ಲ ಸರಿಯಿದ್ದು ಬೇಡಿಕೆಯೇ ಹುರುಳಿಲ್ಲದ್ದಾದರೆ ಮುಷ್ಕರ ಸಕ್ರಮ, ಆದರೆ ನ್ಯಾಯವಲ್ಲ. ಬೇಡಿಕೆ ನೂರಕ್ಕೆ ನೂರು ನ್ಯಾಯವಾಗಿದ್ದು ನೋಟೀಸಿನಲ್ಲಿ ಎರಡು ದಿನ ಕಡಿಮೆ ಬಿದ್ದರೂ ಅಕ್ರಮ. ಮುಷ್ಕರದ ದಿನಗಳ ಸಂಬಳ ನಿಂತಿರುವುದು ಇದರ ಮೇಲೆ. ಮಣಿಪಾಲದಲ್ಲಿ ಮುಖ್ಯ ಕಚೇರಿ ಇದ್ದ ಸಿಂಡಿಕೇಟ್ ಬ್ಯಾಂಕಿನ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ 1994ರಲ್ಲಿ ಇದನ್ನು ಇತ್ಯರ್ಥ ಮಾಡಿತು. ಮುಷ್ಕರ ಸಕ್ರಮವೂ ಆಗಿರಬೇಕು, ನ್ಯಾಯಸಮ್ಮತವೂ ಆಗಿರಬೇಕು, ಆಗ ಮಾತ್ರ ಆ ದಿನಗಳ ಸಂಬಳ. ಅದು ಹೌದೋ ಅಲ್ಲವೋ ಅನ್ನುವುದು ಸಾಕ್ಷಿ ಕೇಳಿ, ಕಾಗದ ನೋಡಿ ತೀರ್ಮಾನಿಸುವ ವಿಷಯ. ಅದು ಕೈಗಾರಿಕಾ ನ್ಯಾಯಾಲಯದ ಕೆಲಸ, ರಿಟ್ ಅರ್ಜಿಯಲ್ಲಿ ಹೈಕೋರ್ಟು ಮಾಡುವಂಥದ್ದಲ್ಲ. 1975ರಲ್ಲೇ ಪ್ರೀಮಿಯರ್ ಆಟೊಮೊಬೈಲ್ಸ್ ಮೊಕದ್ದಮೆಯಲ್ಲಿ ಸಿವಿಲ್ ಕೋರ್ಟಿಗೂ ಗೆರೆ ಎಳೆದಿದ್ದರು: ಈ ಕಾಯ್ದೆಯಿಂದಲೇ ಹುಟ್ಟಿದ ಹಕ್ಕಿಗೆ ಪರಿಹಾರವೂ ಈ ಕಾಯ್ದೆಯ ಕೋರ್ಟಿನಲ್ಲೇ.

ಹಾಗಾದರೆ ಬಸ್ ಮುಷ್ಕರದಲ್ಲಿ ಹೈಕೋರ್ಟು ಬಂದದ್ದು ಹೇಗೆ? ಸಾರ್ವಜನಿಕರ ತೊಂದರೆಗಾಗಿ ಬಂದ ಅರ್ಜಿಯ ಮೇಲೆ, ಸದ್ಯಕ್ಕೆ ನಿಲ್ಲಿಸಿ ಅಂತ ಹೈಕೋರ್ಟು ಆದೇಶ ಕೊಡಬಹುದು, ಕೊಟ್ಟಿದೆ. ಅದು ಬೆಂಕಿ ಆರಿಸುವ ಕೆಲಸ. ಯಾರು ಹಚ್ಚಿದರು, ಯಾರ ಮನೆ, ನಷ್ಟ ಯಾರದು ಅನ್ನುವ ಪಂಚಾಯ್ತಿ ಬೇರೆ. ಡ್ರೈವರು ಕಂಡಕ್ಟರುಗಳ ಸಂಬಳ ಕಡಿತ, ವಜಾ ಇವೆಲ್ಲ ಆ ಎರಡನೇ ಪಂಚಾಯ್ತಿಗೆ ಸೇರಿದ್ದು. ಸಚಿವರು ಪತ್ರಿಕಾಗೋಷ್ಠಿಯಲ್ಲಿ ಅಕ್ರಮ ಅಂದ ಮಾತ್ರಕ್ಕೆ ಅದು ತೀರ್ಪಾಗುವುದಿಲ್ಲ. ಸಂಘದ ಅಧ್ಯಕ್ಷರು ವೇದಿಕೆಯಲ್ಲಿ ಸಕ್ರಮ ಅಂದರೂ ಅಷ್ಟೇ.

ವಾಡಿಯಾ 1958ರ ಆಗಸ್ಟ್ 20ರಂದು ಬೆಂಗಳೂರಿನಲ್ಲಿ ತೀರಿಕೊಂಡರು. ಪೆರಂಬೂರಿನ ಗಿರಣಿಗಳು ಅವರ ಕಾಲಾನಂತರ ಹಲವು ವರ್ಷ ನಡೆದು ಕೊನೆಗೆ 1990ರ ದಶಕದಲ್ಲಿ ನಿಂತವು.

ಅವರ ಕಣ್ಣ ಮುಂದೆ ಬಂದ ಕಾರ್ಮಿಕ ನ್ಯಾಯಾಲಯದ ವ್ಯವಸ್ಥೆಯೂ ಈಗ ಬದಲಾಗಿದೆ. 2025ರ ನವೆಂಬರ್ 21ರಂದು 2020ರ ಕೈಗಾರಿಕಾ ಸಂಬಂಧಗಳ ಸಂಹಿತೆ ಜಾರಿಗೆ ಬಂದು 1926ರ, 1947ರ ಕಾಯ್ದೆಗಳ ಜಾಗ ಹಿಡಿಯಿತು. 14 ದಿನದ ನೋಟೀಸು ಇನ್ನು ಬಸ್ಸು, ನೀರಿಗೆ ಮಾತ್ರವಲ್ಲ, ಎಲ್ಲ ಕೈಗಾರಿಕೆಗೂ. ಅರ್ಧದಷ್ಟು ಅಥವಾ ಅದಕ್ಕಿಂತ ಹೆಚ್ಚು ಮಂದಿ ಒಟ್ಟಿಗೆ ರಜೆ ಹಾಕಿದರೆ ಅದೂ ಮುಷ್ಕರದ ಲೆಕ್ಕಕ್ಕೆ. ಕೆಲಸಗಾರನ 50 ರೂಪಾಯಿ ದಂಡ ಈಗ ಸಾವಿರದಿಂದ ಹತ್ತು ಸಾವಿರ, ಪ್ರಚೋದಿಸಿದವರಿಗೆ ಹತ್ತರಿಂದ ಐವತ್ತು ಸಾವಿರ. ಸಂಘಕ್ಕೆ ಸಿವಿಲ್ ದಾವೆಯಿಂದ ಇದ್ದ ರಕ್ಷಣೆ ಮಾತ್ರ ಹೊಸ ಪುಸ್ತಕದಲ್ಲೂ ಉಳಿದಿದೆ. ಪ್ರತ್ಯೇಕ ಕಾರ್ಮಿಕ ನ್ಯಾಯಾಲಯದ ಬದಲು ಕೈಗಾರಿಕಾ ನ್ಯಾಯಮಂಡಳಿ, ಅದರಲ್ಲಿ ಒಬ್ಬರು ನ್ಯಾಯಾಂಗದವರು, ಒಬ್ಬರು ಆಡಳಿತದ ಅನುಭವದವರು. ಮುಷ್ಕರ ಅಕ್ರಮವೇ ಅನ್ನುವ ವ್ಯಾಜ್ಯವನ್ನು ಇಬ್ಬರೂ ಕೂತೇ ಕೇಳಬೇಕು. ಸಂಧಾನ ಮುರಿದರೆ ಸರ್ಕಾರ ಕಳಿಸಲಿ ಅಂತ ಕಾಯಬೇಕಾಗಿಲ್ಲ, ಎರಡು ಕಡೆಯಲ್ಲಿ ಯಾರಾದರೂ 90 ದಿನದೊಳಗೆ ನೇರವಾಗಿ ಅರ್ಜಿ ಹಾಕಬಹುದು.